ಅಕ್ಸವ್ವನ ಆಲ

ನನ್ನ ಮಗಳಿಗೆ ಐದು ತಿಂಗಳು ತುಂಬಿದರೂ ಹೆಸರಿರಲಿಲ್ಲ. ಹಾಗಂತ ಕರೆಯುವವರಿಗೇನೂ ಕಮ್ಮಿ ಇರಲಿಲ್ಲ. ನಮ್ಮ ಮನೆಯವರು ಗುಂಡಿ ಅನ್ನುತ್ತಿದ್ದರು, ಲಿಂಗಸುಗೂರಿನಿಂದ ಫೋನು ಮಾಡುವ ನಮ್ಮಪ್ಪ ಮೇಡಂ ಅನ್ನುತ್ತಿದ್ದ, ಓಣಿಯವರು ಬಾಯಿಗೆ ಬಂದದ್ದು ಅನ್ನುತ್ತಿದ್ದರು. ಅಂಗನವಾಡಿಯ ಕಸ್ತೂರೆಮ್ಮ ಟೀಚರ್ ಮಾತ್ರ ಪ್ರತಿ ತಿಂಗಳು ತೂಕ ಮಾಡಿ, ರಿಜಿಸ್ಟರಿನಲ್ಲಿ "ಜ್ಯೋತಿ ಕೂಸು" ಎಂದು ಬರೆದು, ಪೆನ್ನಿನಿಂದ ತಲೆ ಕೆರೆದುಕೊಂಡು ನನ್ನ ಮುಖ ನೋಡುತ್ತಿದ್ದರು.

"ಏನವ್ವ ಜ್ಯೋತಿ, ಮೊಬೈಲ್‌ನ್ಯಾಗ ಸಾವಿರ ಹೆಸರು ಅದಾವ. ಒಂದು ಆರಿಸ್ಕೊಳ್ಳಾಕ ಆಗವಲ್ದೇನು ನಿನಗ?"

ಆರಿಸುವುದಕ್ಕೆ ನನಗೆ ಬರುತ್ತದೆ. ಮೊಬೈಲಿನಲ್ಲೇ ಐವತ್ತೆರಡು ಹೆಸರು ಬರೆದಿಟ್ಟುಕೊಂಡಿದ್ದೆ, ಒಂದೊಂದರ ಅರ್ಥದ ಸಮೇತ. ಆದರೆ ಇಡುವ ಹಕ್ಕು ನನ್ನದಲ್ಲ. ನಮ್ಮ ಕಡೆ ಕೂಸಿಗೆ ಹೆಸರಿಡುವವಳು ಸೋದರತ್ತೆ, ಅಂದರೆ ಅಪ್ಪನ ಅಕ್ಕನೋ ತಂಗಿಯೋ. ಕೂಸನ್ನು ತೊಟ್ಟಿಲಿಗೆ ಹಾಕಿದ ಮೇಲೆ ಆಕೆ ಬಗ್ಗಿ ಅದರ ಕಿವಿಯಲ್ಲಿ "ಕುರ್ರ್" ಅಂದು ಹೆಸರು ಉಸುರುತ್ತಾಳೆ. ಆಕೆ ಬಗ್ಗಿದ ಹೊತ್ತಿಗೆ ಸುತ್ತ ನಿಂತ ಹೆಂಗಸರು ಆಕೆಯ ಬೆನ್ನಿಗೆ ಗುದ್ದಬೇಕು. ಯಾಕೆ ಗುದ್ದಬೇಕು ಎಂದು ಕೇಳಿದರೆ ಒಬ್ಬರಿಗೂ ಗೊತ್ತಿಲ್ಲ, ಗುದ್ದುವುದಕ್ಕೆ ಮಾತ್ರ ಎಲ್ಲರೂ ತಯಾರು.

ನನ್ನ ಮಗಳ ಸೋದರತ್ತೆ ಮೌನಕ್ಕ. ಪೂರ್ತಿ ಹೆಸರು ಮೌನೇಶ್ವರಿ. ಈ ಹೆಸರಿಟ್ಟವರು ಮುಂದೆ ಪಟ್ಟ ಪಾಡು ನೋಡಬೇಕಿತ್ತು. ಬಾಯಿ ತೆರೆದರೆ ಮುಚ್ಚುತ್ತಿರಲಿಲ್ಲ. ಸಿಂಧನೂರಿನ ಹತ್ತಿರ, ಬಂಗಾಲಿ ನಿರಾಶ್ರಿತರು ನೆಲೆಸಿದ ಆರ್.ಎಚ್. ಕ್ಯಾಂಪಿನ ಶಾಲೆಯಲ್ಲಿ ಅತಿಥಿ ಶಿಕ್ಷಕಿ. ಶಾಲೆ ಶುರುವಾದ ಮೊದಲ ದಿನ ಮಕ್ಕಳಿಗೆ ಅಆಇಈ ಹೇಳಿಕೊಡುವುದಿಲ್ಲ, ನಿನ್ನ ಹೆಸರಿನ ಅರ್ಥ ಏನು ಎಂದು ಕೇಳುತ್ತಾಳೆ. ಗೊತ್ತಿಲ್ಲ ಅಂದವರಿಗೆ ತಾನೇ ಹೇಳುತ್ತಾಳೆ, ಅರ್ಥ ಇಲ್ಲದ ಹೆಸರಿಗೆ ಅಲ್ಲೇ ಒಂದು ಅರ್ಥ ಹುಟ್ಟಿಸಿಯೂ ಕೊಡುತ್ತಾಳೆ. ನಾನು ಮದುವೆಯಾಗಿ ಬಂದ ದಿನ ಹೊಸ್ತಿಲಲ್ಲೇ ನಿಲ್ಲಿಸಿ, "ಜ್ಯೋತಿ ಅಂದ್ರ ಬೆಳಕು. ನಮ್ಮ ಮನ್ಯಾಗ ಕರೆಂಟ್ ಭಾಳ ಹೋಕ್ಕತಿ, ಛಲೋ ಆತು ಬಂದಿ" ಅಂದಿದ್ದಳು. ನನಗೆ ಅಕ್ಕತಂಗಿಯರಿಲ್ಲ. ಅವತ್ತಿನಿಂದ ಆಕೆಯೇ ನನಗೆ ಅಕ್ಕ.

ಆ ಮೌನಕ್ಕ ಆರು ವರ್ಷದಿಂದ ತನ್ನ ತವರು ಸಂತೆಕಲ್ಲೂರಿಗೆ ಕಾಲಿಟ್ಟಿರಲಿಲ್ಲ.

ಅದಕ್ಕೆ ಕಾರಣ ಹೇಳಬೇಕೆಂದರೆ ನನ್ನ ಮೊದಲ ಮಗಳ ವಿಷಯ ಹೇಳಬೇಕು, ಆಲದ ಟೊಂಗೆಯ ವಿಷಯವನ್ನೂ ಹೇಳಬೇಕು.

ನನ್ನ ಗಂಡನ ಮನೆಯಲ್ಲಿ ಹಿಂದಿನಿಂದ ಬಂದ ಪದ್ಧತಿ ಒಂದಿದೆ. ಹೆಸರಿಟ್ಟ ದಿನವೇ ಸೋದರತ್ತೆ ತನ್ನ ಆಲದ ಗಿಡದಿಂದ ತೋಳು ಗಾತ್ರದ ಒಂದು ಟೊಂಗೆ ಕಡಿಸಿ ತಂದು ಹಳ್ಳದ ದಂಡೆಯಲ್ಲಿ ನೆಡಬೇಕು. ಆಲವನ್ನು ಬೀಜದಿಂದ ಬೆಳೆಸುವುದು ಹಕ್ಕಿಗಳ ಕೆಲಸ. ಮನುಷ್ಯರು ನೆಡುವುದಾದರೆ ಟೊಂಗೆಯನ್ನೇ ನೆಡುತ್ತಾರೆ, ಮಳೆಗಾಲದಲ್ಲಿ ನೆಟ್ಟರೆ ಎರಡು ಮೂರು ತಿಂಗಳಲ್ಲಿ ಕೆಂಪು ಚಿಗುರು ಒಡೆಯುತ್ತದೆ. ಚಿಗುರಿದರೆ ಹೆಸರು ಕೂಸಿಗೆ ಒಗ್ಗಿತು ಎಂದು ನಂಬಿಕೆ. ಹಳ್ಳದ ದಂಡೆಯಲ್ಲಿ ಮೌನಕ್ಕನ ಆಲ ಇದೆ, ಅದರ ಪಕ್ಕ ವಿರೇಶನ ಆಲ ಇದೆ. ಗಂಡನ ಹೆಸರು ಬಾಯಿಬಿಟ್ಟು ಹೇಳಬಾರದಂತೆ. ನಾನು ಹೇಳುತ್ತೇನೆ, ವಿರೇಶ. ಇಟ್ಟಿದ್ದು ಕರೆಯುವುದಕ್ಕೆ ತಾನೆ?

ಕಡಿದು ಎಲೆ ಸವರಿದ ಟೊಂಗೆಗೆ ಎರಡೂ ಕಡೆ ಬೋಳು ತುದಿ. ತಲೆ ಯಾವುದು ಬುಡ ಯಾವುದು ಎಂದು ಕಣ್ಣಿಗೆ ತಿಳಿಯುವುದಿಲ್ಲ. ಅದಕ್ಕೇ ಕಡಿದ ಕೂಡಲೇ ತಲೆಯ ತುದಿಗೆ ಸೆಗಣಿ ಮೆತ್ತುತ್ತಾರೆ. ಬಿಸಿಲಿಗೆ ಒಣಗದಿರಲಿ ಅಂತಲೂ ಹೌದು, ಗುರುತಿಗೂ ಹೌದು. ಮರ ಹತ್ತಿ ಕಡಿಯುವುದು ಗಂಡಸರು. ಸೆಗಣಿ ಮೆತ್ತುವುದೂ ನೆಡುವುದೂ ಸೋದರತ್ತೆಯದೇ ಕೆಲಸ.

ಮೊದಲ ಮಗಳಿಗೆ ಮೌನಕ್ಕ ಇಟ್ಟ ಹೆಸರು ಅಕ್ಷಯಾ. ಆಕೆಗೆ ಮಕ್ಕಳಾಗಿರಲಿಲ್ಲ, ಆದ್ದರಿಂದ ಆ ಒಂದು ಹೆಸರಿಗಾಗಿ ಮೂರು ವಾರ ಪುಸ್ತಕ ತಿರುವಿದ್ದಳು. "ಅಕ್ಷಯ ಅಂದ್ರ ಸವೀಲಾರದ್ದು, ಜ್ಯೋತಿ. ಪ್ರಳಯ ಆದ್ರೂ ಬಾಡಲಾರದ ಒಂದು ಆಲ ಐತಂತ, ಅಕ್ಷಯವಟ ಅಂತ ಅದಕ್ಕ. ಕೂಸಿಗೂ ಅದೇ ಹೆಸರು, ಗಿಡಕ್ಕೂ ಅದೇ ಹೆಸರು" ಅಂದಿದ್ದಳು. ನಮ್ಮ ಅತ್ತೆ ಕನಕಮ್ಮನಿಗೆ ಆ 'ಕ್ಷ' ನಾಲಿಗೆಗೆ ಬರಲಿಲ್ಲ. ಅವರು ಅಕ್ಸವ್ವ ಮಾಡಿಕೊಂಡರು. ಇಡೀ ಊರೂ ಅಕ್ಸವ್ವ ಎಂದಿತು, ಕೊನೆಗೆ ನಾನೂ.

ಅವತ್ತು ನೆಟ್ಟ ಟೊಂಗೆ ಚಿಗುರಲಿಲ್ಲ. ದೀಪಾವಳಿಯ ಹೊತ್ತಿಗೆ ಕುರಿ ಕಾಯುವ ಆದೆಪ್ಪ ಮಾವ ಅದನ್ನು ನೋಡಿ, ಗಿಣ್ಣಿನ ಮೇಲೆ ಬೆರಳಾಡಿಸಿ, "ಯಾರ್ಬೇ ಇದನ್ನ ನೆಟ್ಟಾಕಿ? ತಲಿ ಕೆಳಗ ಮಾಡಿ ಇಟ್ಟೀರಲ್ಲ!" ಅಂದ. ಆಗ ಎಲ್ಲರೂ ನಕ್ಕೆವು. ಓದಿದ ಮೇಡಂಗೆ ಟೊಂಗೆಯ ತಲೆ ಗೊತ್ತಾಗಲಿಲ್ಲ ಎಂದು ವಾರಗಟ್ಟಲೆ ಮೌನಕ್ಕನನ್ನು ಕಾಡಿದೆವು. ಆಕೆಯೂ ನಮ್ಮ ಜೊತೆ ನಕ್ಕಳು.

ಮುಂದಿನ ಬೇಸಿಗೆಯಲ್ಲಿ ಅಕ್ಸವ್ವನಿಗೆ ಜ್ವರ ಬಂತು. ಮೂರು ದಿನ ಇಳಿಯಲಿಲ್ಲ. ರಾಯಚೂರಿಗೆ ಕರೆದುಕೊಂಡು ಹೋಗುವ ದಾರಿಯಲ್ಲಿ ನನ್ನ ತೊಡೆಯ ಮೇಲೇ ಹೋದಳು. ಹನ್ನೊಂದು ತಿಂಗಳಾಗಿತ್ತು, ಗೋಡೆ ಹಿಡಿದು ನಿಲ್ಲುತ್ತಿದ್ದಳು. ಇದರ ಬಗ್ಗೆ ಇಷ್ಟೇ ಹೇಳುತ್ತೇನೆ, ಇದಕ್ಕಿಂತ ಹೆಚ್ಚಿಗೆ ನನ್ನ ಕೈಲಾಗುವುದಿಲ್ಲ.

ಮೂರನೆಯ ದಿನ ಮನೆ ತುಂಬ ಜನ ಕೂತಿದ್ದರು. ಅತ್ತೆ ಗೋಡೆಗೆ ಒರಗಿ ಅಳುತ್ತಿದ್ದವರು ಒಮ್ಮೆಲೇ ಮಗಳ ಕಡೆ ತಿರುಗಿದರು. "ಟೊಂಗಿ ತಲಿ ಕೆಳಗ ನೆಟ್ಟ ಕೈಬೇ ಅದು! ಆ ಕೈ ಮುಟ್ಟಿದ ಹೆಸರು ಹೆಂಗ ಉಳದೀತು?"

ಮೌನಕ್ಕ ಒಂದು ಮಾತೂ ಆಡಲಿಲ್ಲ. ಹುಟ್ಟಿದಾಗಿಂದ ಮೊದಲ ಸಲ ತನ್ನ ಹೆಸರಿಗೆ ತಕ್ಕಂತೆ ನಡೆದುಕೊಂಡಳು. ಎದ್ದು, ಚಪ್ಪಲಿ ಮೆಟ್ಟಿ, ಬಸ್‌ಸ್ಟ್ಯಾಂಡಿನ ಕಡೆ ನಡೆದಳು. ಗಂಡ ನರಸಣ್ಣ ಆಕೆಯ ಚೀಲ ಹಿಡಿದುಕೊಂಡು ಹಿಂದೆ ಓಡಿದ. ಅಲ್ಲಿಂದ ಮುಂದೆ ಅಕ್ಕತಮ್ಮ ಸಿಂಧನೂರಿನಲ್ಲಿ ಆಗೀಗ ಭೇಟಿಯಾದರೂ ಆಕೆ ತವರಿಗೆ ಬರಲಿಲ್ಲ. ನಮ್ಮ ಮನೆಯಲ್ಲಿ ಅಕ್ಸವ್ವ ಎಂಬ ಹೆಸರು ಯಾರೂ ಎತ್ತಲಿಲ್ಲ.

ಈ ಮಗಳು ಹುಟ್ಟಿದ್ದು ಸಂಕ್ರಾಂತಿ ಕಳೆದ ಮೇಲೆ. ತವರಿನಲ್ಲೇ ಹೆಸರಿಟ್ಟು ಕಳಿಸುತ್ತೇನೆ ಅಂದಳು ನಮ್ಮವ್ವ. ನಾನು ಬೇಡ ಅಂದೆ. ಮೌನಕ್ಕನ ಬಾಯಿಂದಲೇ ಹೆಸರು ಬರಬೇಕು ಎಂದು ಹಟ ಹಿಡಿದೆ. ಆಕೆ ಬಾರದೆ ಬೇರೆ ಯಾರೋ ಹೆಸರಿಟ್ಟರೆ, ಅಕ್ಸವ್ವನಿಗೆ ಆಕೆ ಇಟ್ಟ ಹೆಸರು ಕೆಟ್ಟದ್ದು ಎಂದು ನಾನೂ ಒಪ್ಪಿಕೊಂಡ ಹಾಗಾಗುತ್ತಿತ್ತು. ಅದು ನನ್ನ ಮಗಳ ಹೆಸರು. ಅದನ್ನು ಕೆಟ್ಟದ್ದು ಅನ್ನಿಸಿಕೊಳ್ಳಲು ನಾನು ಬಿಡುವವಳಲ್ಲ.

ಆರಿದ್ರಾ ಮಳೆ ಹಿಡಿಯಿತು. ಟೊಂಗೆ ನೆಡುವ ಹೊತ್ತು ಬಂತು. ಇನ್ನು ಕಾದರೆ ಒಂದು ವರ್ಷ ಹೋಯಿತು ಎಂದು ಒಂದು ಬೆಳಿಗ್ಗೆ ಕೂಸನ್ನು ಕಂಕುಳಲ್ಲಿ ಇರಿಸಿಕೊಂಡು, ಮಸ್ಕಿಯ ದವಾಖಾನೆಗೆ ಅಂತ ಅತ್ತೆಗೆ ಸುಳ್ಳು ಹೇಳಿ ಹೊರಟೆ. ಮಸ್ಕಿಯಲ್ಲಿ ಬಸ್ಸು ಬದಲಿಸಿ ಸಿಂಧನೂರು, ಅಲ್ಲಿಂದ ಎಂಟು ಜನ ತುಂಬಿದ ಆಟೋದಲ್ಲಿ ಕ್ಯಾಂಪು. ನಮ್ಮ ಕಡೆ ಜೋಳ, ತೊಗರಿಯ ಒಣ ನೆಲ ನೋಡಿದ ಕಣ್ಣಿಗೆ ಆ ಕಡೆಯ ಕಾಲುವೆ ನೀರು, ನೆಲ ಕಾಣದ ಹಾಗೆ ಹಾಸಿದ ಭತ್ತದ ಸಸಿ ಕಂಡರೆ ಹೊಟ್ಟೆಕಿಚ್ಚಾಗುತ್ತದೆ. ನನಗಂತೂ ಆಯಿತು.

ಶಾಲೆಯ ಮಧ್ಯಾಹ್ನದ ಊಟದ ಹೊತ್ತು. ಮೌನಕ್ಕ ಹೊರಗೆ ನಿಂತು ಮಕ್ಕಳ ತಟ್ಟೆ ನೋಡುತ್ತಿದ್ದಳು. ನನ್ನನ್ನು ಕಂಡು ಓಡಿ ಬಂದಳು, ಕೂಸನ್ನು ಕಂಡು ನಿಂತಳು. ಆಮೇಲೆ ನಾನೇ ಕೂಸನ್ನು ಆಕೆಯ ತೋಳಿಗೆ ಹಾಕಿದೆ. ಆಕೆ ಅದರ ನೆತ್ತಿ ಮೂಸಿ ನೋಡಿದಳು. ಕಣ್ಣು ತುಂಬಿ ಬಂದದ್ದನ್ನು ಮುಚ್ಚಿಡುವುದಕ್ಕೂ ಹೋಗಲಿಲ್ಲ.

"ಹೆಸರಿಡಾಕ ಬಾರಕ್ಕ. ಐದು ತಿಂಗಳಾತು. ನಿನ್ನ ಬಿಟ್ಟು ಯಾರ ಕೈಲೂ ಇಡಸಂಗಿಲ್ಲ ನಾ" ಅಂದೆ.

ನಾನು ಎರಡು ವರ್ಷದಿಂದ ಒಳಗೇ ಇಟ್ಟುಕೊಂಡಿದ್ದನ್ನು ಹೇಳಿಬಿಟ್ಟೆ. "ಅಕ್ಸವ್ವನ ಟೊಂಗಿ ಚಿಗತೈತಕ್ಕ. ಆಕಿ ಹೋದ ಮ್ಯಾಲಿನ ಮಳಿಗಾಲದಾಗ ಬುಡದಾಗಿಂದ ಕುಡಿ ಒಡದಿತ್ತಂತ. ಈಗ ನಿನ್ನ ತಮ್ಮನಕಿಂತ ಎತ್ರ ಐತಿ. ಅತ್ತಿ ದಿನಾ ಮುಸುರಿ ನೀರು ಒಯ್ದು ಹಾಕ್ತಾರ. ನಾ ಕದ್ದು ನೋಡೀನಿ."

ನನ್ನ ಮಾತಿಗೆ ಆಕೆಯ ಮುಖ ಅರಳುತ್ತದೆ ಎಂದುಕೊಂಡಿದ್ದೆ. ಗಂಟಿಕ್ಕಿಕೊಂಡಿತು.

"ಗಿಡ ಬದುಕಿದ್ರ ನಾ ಏನು ಮಾಡ್ಲಿ ಜ್ಯೋತಿ? ನಾ ಹೆಸರಿಟ್ಟಿದ್ದು ಗಿಡಕ್ಕಲ್ಲ."

ಆಕೆ ಕೂಸನ್ನು ಎದೆಗೆ ಒತ್ತಿಕೊಂಡಳು. ಆಮೇಲೆ ಕೇಳಿದಳು, "ನಿನ್ನ ನಮ್ಮವ್ವ ಕಳಿಸ್ಯಾಳೇನು?"

"ಇಲ್ಲ. ದವಾಖಾನಿಗೆ ಅಂತ ಹೇಳಿ ಬಂದೀನಿ."

"ಹಂಗಾದ್ರ ನಾ ಬರಂಗಿಲ್ಲ."

ಅಷ್ಟರಲ್ಲಿ ಅಡುಗೆಯ ಬಾಸಂತಿ ಎಂಬ ಬಂಗಾಲಿ ಅಜ್ಜಿ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದು, ಕೂಸನ್ನು ಮೌನಕ್ಕನ ಕೈಯಿಂದ ಕಿತ್ತುಕೊಂಡೇಬಿಟ್ಟಳು. ಮೇಲಕ್ಕೆ ಎತ್ತಿ, ಕೆಳಗಿಳಿಸಿ, "ಬುಡಿ! ಏ ಬುಡಿ! ಊಟ ಮಾಡಿತ್ತು ಬುಡಿ?" ಎಂದು ತನ್ನ ಅರ್ಧ ಕನ್ನಡದಲ್ಲಿ ಕೇಳಿದಳು. ಕೂಸು ಕಿಲಕಿಲ ನಕ್ಕಿತು.

"ಏನಂದ್ಲಕ್ಕ ಆಕಿ?"

"ಬುಡಿ ಅಂದ್ರ ಮುದುಕಿ. ಇವರ ಭಾಷ್ಯಾಗ."

ಮೊದಲೇ ನನಗೆ ತಲೆ ಕೆಟ್ಟಿತ್ತು. "ಐದು ತಿಂಗಳ ಕೂಸಿಗೆ ಮುದುಕಿ ಅಂತಾಳಲ್ಲ, ಕಣ್ಣಿಲ್ಲೇನು ಆಕಿಗೆ?" ಅಂದೆ. ಮೌನಕ್ಕ ಏನೋ ಹೇಳುವುದಕ್ಕೆ ಬಾಯಿ ತೆರೆದಳು. ಗಂಟೆ ಹೊಡೆಯಿತು, ಮಕ್ಕಳು ಒಳಗೆ ನುಗ್ಗಿದರು. ನಾನು ಕೂಸನ್ನು ಎತ್ತಿಕೊಂಡು ಬಂದ ದಾರಿ ಹಿಡಿದೆ. ಆಟೋ ತಿರುಗುವ ತನಕ ಆಕೆ ಗೇಟಿನಲ್ಲೇ ನಿಂತಿದ್ದಳು.

ಮನೆಗೆ ಬಂದಾಗ ಅತ್ತೆ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದರು. ಚೀಲ ಕೆಳಗಿಡುವ ಮೊದಲೇ ನನ್ನ ಬಾಯಿ ಶುರುವಾಯಿತು.

"ದವಾಖಾನಿಗೆ ಹೋಗಿದ್ದಿಲ್ಲ ನಾ. ಮೌನಕ್ಕನ ಹತ್ರ ಹೋಗಿದ್ದೆ. ನಮ್ಮವ್ವ ಕಳಿಸ್ಯಾಳೇನು ಅಂತ ಅದೊಂದೇ ಕೇಳಿದ್ಲು. ಇಲ್ಲ ಅಂದೆ, ಬರಂಗಿಲ್ಲ ಅಂದ್ಲು. ನೀವು ಒಂದು ಮಾತು ಕರದ್ರ ನಿಮ್ಮ ಗಂಟೇನು ಹೋಕ್ಕತ್ರೀ? ಆ ಗಿಡಕ್ಕ ಆರು ವರ್ಸದಿಂದ ನೀರು ಹಾಕ್ತೀರಿ, ಹೆತ್ತ ಮಗಳಿಗೆ ಒಂದು ಫೋನ್ ಮಾಡಂಗಿಲ್ಲ!"

ರೊಟ್ಟಿ ಬಡಿಯುವ ಸದ್ದು ನಿಂತಿತು. ಅತ್ತೆ ನನ್ನ ಕಡೆ ತಿರುಗಲೇ ಇಲ್ಲ. ಹಂಚಿನ ಮೇಲಿದ್ದ ರೊಟ್ಟಿ ಸೀದು ಹೊಗೆ ಎದ್ದಿತು, ಅದನ್ನೂ ತೆಗೆಯಲಿಲ್ಲ. ನಾನೇ ಹೋಗಿ ತೆಗೆದೆ. ಅವತ್ತು ಅವರು ಉಣ್ಣಲಿಲ್ಲ. ಅತ್ತೆ ಉಣ್ಣದ ದಿನ ನಮ್ಮ ಮನೆಯಲ್ಲಿ ಯಾರ ಗಂಟಲಲ್ಲೂ ತುತ್ತು ಇಳಿಯುವುದಿಲ್ಲ. ವಿರೇಶ ಎರಡು ಸಲ ತಟ್ಟೆ ಹಿಡಿದುಕೊಂಡು ಹೋಗಿ ಎರಡು ಸಲವೂ ಹಾಗೇ ವಾಪಸು ಬಂದ.

ಮರುದಿನ ಬೆಳಿಗ್ಗೆ ನಾನು ಕೂಸಿಗೆ ಎಣ್ಣೆ ಹಚ್ಚುತ್ತಿದ್ದೆ. ಅತ್ತೆ ಬಂದು ಪಕ್ಕದಲ್ಲಿ ಕುಳಿತರು.

"ಆಕಿ ನಂಬರ್ ಒತ್ತಿ ಕೊಡು" ಅಂದರು.

ಅವರಿಗೆ ಫೋನನ್ನು ಕಿವಿಗಿಟ್ಟುಕೊಂಡು ಗೊತ್ತಿಲ್ಲ, ಸ್ಪೀಕರ್ ಹಾಕಿಯೇ ಮಾತಾಡುತ್ತಾರೆ. ಹಾಗಾಗಿ ಎರಡೂ ಕಡೆಯ ಮಾತು ನನ್ನ ಕಿವಿಗೆ ಬಿತ್ತು.

"ಮೌನೀ, ನಾನಬೇ."

ಅತ್ತೆ ಫೋನನ್ನು ಬಾಯಿಯ ಹತ್ತಿರ ತಂದುಕೊಂಡರು.

"ಸೆಗಣಿ ಮೆತ್ತಿದಾಕಿ ನಾನು" ಅಂದರು ಅತ್ತೆ.

ನನ್ನ ಕೈ ಕೂಸಿನ ಬೆನ್ನ ಮೇಲೇ ನಿಂತಿತು.

"ಗೊತ್ತದ ಯವ್ವಾ."

"ಮಂದಿ ಬಂದು ಕುಂತಿದ್ರು. ನೀ ತೊಟ್ಟಿಲಿಗೆ ಹೂವು ಕಟ್ಟಾಕತ್ತಿದ್ದಿ. ಹೊತ್ತಾಗ್ತದ ಅಂತ ಅವಸರದಾಗ ನಾನೇ ಮೆತ್ತಿಬಿಟ್ಟೆ. ಯಾವ ಕಡಿ ಮೆತ್ತಿದೆ ಅಂತ ನೋಡ್ಲೂ ಇಲ್ಲ."

"ಗೊತ್ತದ. ಆವತ್ತು ನಿನ್ನ ಕೈ ನಾನೇ ತೊಳದಿದ್ದೆ."

"ಗೊತ್ತಿದ್ದೂ ಅವತ್ತು ಯಾಕ ಸುಮ್ನ ಎದ್ದು ಹೋದಿ?"

"ನಾಕು ಮಂದ್ಯಾಗ ನೀ ನನಗ ಅಂದಿ. ನಾನೂ ನಾಕು ಮಂದ್ಯಾಗ ತಿರುಗಿ ಅಂದಿದ್ರ ಕೂಸು ಕಳಕೊಂಡು ಕುಂತಾಕಿ ನೀ, ನಿನ್ನ ಗತಿ ಏನಾಗ್ತಿತ್ತು? ಅದಕ್ಕ ಎದ್ದು ಬಂದೆ." ಮೌನಕ್ಕನ ದನಿ ಒಡೆಯಿತು. "ನೀನೇ ಒಂದಿನ ಅಂತಿ ಅಂತ ಕಾಯ್ಕೋತ ಕುಂತೆ. ಆರು ವರ್ಸ ಮಾಡಿದ್ಯಲ್ಲಬೇ!"

ಅತ್ತೆ ಫೋನನ್ನು ನನ್ನ ಕೈಗೆ ತುರುಕಿ ಹಿತ್ತಿಲಿಗೆ ಹೋದರು. ಮೌನಕ್ಕ ಆ ಕಡೆಯಿಂದ, "ಯಾವಾಗ ಬರ್ಲಿ ಜ್ಯೋತಿ?" ಅಂದಳು. ಐತವಾರ ಬಾ ಅಂದು ಇಟ್ಟುಬಿಟ್ಟೆ.

ಖುಷಿಯಾಗಬೇಕಿತ್ತು. ನನಗೆ ಮೊದಲು ಬಂದದ್ದು ಸಿಟ್ಟು. ಒಬ್ಬಳಿಗೆ ಗೊತ್ತಿತ್ತು, ಇನ್ನೊಬ್ಬಳಿಗೂ ಗೊತ್ತಿತ್ತು, ನಡುವೆ ನಾನು ಆರು ವರ್ಷ ಹುಚ್ಚಿಯ ಹಾಗೆ ಕೂತಿದ್ದೆ. ನನ್ನ ಮಗಳು ಹೋದದ್ದು ಜ್ವರದಿಂದ. ಟೊಂಗೆಗೂ ಸೆಗಣಿಗೂ ಅದಕ್ಕೂ ಏನೇನೂ ಸಂಬಂಧವಿಲ್ಲ. ಹಿತ್ತಿಲಿಗೆ ಹೋಗಿ ಇದನ್ನೇ ಅತ್ತೆಯ ಮುಖಕ್ಕೆ ಹೇಳಬೇಕೆಂದು ಹೊರಟೆ. ಅವರು ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕುಳಿತು ತಮ್ಮ ಎರಡು ಅಂಗೈಗಳನ್ನು ನೋಡಿಕೊಳ್ಳುತ್ತಿದ್ದರು. ಅದನ್ನು ಕಂಡು ನನ್ನ ಕಾಲು ಅಲ್ಲೇ ನಿಂತವು. ಈ ಹೆಂಗಸು ತನ್ನ ಕೈಯಿಂದಲೇ ಮೊಮ್ಮಗಳು ಹೋದಳು ಎಂದು ಆರು ವರ್ಷದಿಂದ ನಂಬಿಕೊಂಡು, ಆ ಕೈಯಿಂದಲೇ ರೊಟ್ಟಿ ಬಡಿದು ನನಗೆ ಉಣ್ಣಿಸಿದ್ದಾಳೆ.

ಇನ್ನೊಂದು ಮಾತೂ ಇದೆ, ಅದನ್ನು ಮುಚ್ಚಿಡುವುದಿಲ್ಲ. ಜ್ವರದಿಂದ ಹೋದಳು ಎಂದು ನಾನು ಆ ಮೂರನೆಯ ದಿನವೇ ಕೂಗಿ ಹೇಳಬಹುದಿತ್ತು. ಮೌನಕ್ಕ ಎದ್ದು ಹೋಗುವಾಗ ಸೆರಗು ಹಿಡಿದು ನಿಲ್ಲಿಸಬಹುದಿತ್ತು. ನಾನು ಸುಮ್ಮನಿದ್ದೆ. ತಪ್ಪು ಯಾರದೋ ಒಬ್ಬರದು ಎಂದರೆ ಆವತ್ತಿನ ಮಟ್ಟಿಗೆ ನನಗೂ ಉಸಿರಾಡುವುದಕ್ಕೆ ಸುಲಭವಾಗಿತ್ತು.

ಅತ್ತೆಯ ಪಕ್ಕದಲ್ಲಿ ಕುಳಿತು, "ಜ್ವರದಿಂದ ಹೋಗ್ಯಾಳ ರೀ ಅತ್ತಿ. ನಿಮ್ಮ ಕೈಯಿಂದಲ್ಲ" ಅಂದೆ. ಅವರು ನನ್ನ ಭುಜಕ್ಕೆ ತಲೆ ಕೊಟ್ಟು ಬಹಳ ಹೊತ್ತು ಅತ್ತರು. ಒಳಗೆ ಎಣ್ಣೆ ಹಚ್ಚಿಸಿಕೊಂಡು ಅರ್ಧಕ್ಕೇ ಉಳಿದ ಕೂಸು ಇಡೀ ಓಣಿ ಕೇಳುವ ಹಾಗೆ ಕಿರುಚುತ್ತಿತ್ತು.

ಐತವಾರ ಮೊದಲ ಬಸ್ಸಿಗೇ ಮೌನಕ್ಕ, ನರಸಣ್ಣ ಬಂದಿಳಿದರು. ನಮ್ಮ ಮನೆಯ ಪಡಸಾಲೆಯಲ್ಲಿ ಕಾಲಿಡುವುದಕ್ಕೆ ಜಾಗವಿರಲಿಲ್ಲ. ಕಸ್ತೂರೆಮ್ಮ ಟೀಚರ್ ಬಂದಿದ್ದರು, ಬಳೆ ಮಾರುವ ಲಾಲ್‌ಬೀ ಬುಟ್ಟಿ ಸಮೇತ ಬಂದು ಎಲ್ಲರ ಕೈಗೂ ಹಸಿರು ಬಳೆ ಏರಿಸುತ್ತಿದ್ದಳು, ಗುಗ್ಗರಿ ಬೇಯುವ ವಾಸನೆ ಹೊರಗಿನ ತನಕ ಬರುತ್ತಿತ್ತು. ತಾಯಿ ಮಗಳು ಒಬ್ಬರಿಗೊಬ್ಬರು ಮುಖ ಕೊಟ್ಟು ಮಾತಾಡಲಿಲ್ಲ. ಅತ್ತೆ ಚಹಾದ ಲೋಟ ಕೊಟ್ಟರು, ಮೌನಕ್ಕ ತಗೊಂಡಳು, ಅಷ್ಟೇ. ಇದೇನು ಮತ್ತೆ ಎಡವಟ್ಟಾಗುತ್ತದೆಯೋ ಎಂದು ನಾನು ಇಬ್ಬರ ಮುಖವನ್ನೂ ನೋಡುತ್ತಿದ್ದೆ.

ಕೂಸನ್ನು ತೊಟ್ಟಿಲಿಗೆ ಹಾಕಿದೆವು. ಮೌನಕ್ಕ ಸೆರಗು ಸೊಂಟಕ್ಕೆ ಸಿಕ್ಕಿಸಿ ಮುಂದೆ ಬಂದಳು. ಹೆಂಗಸರು ಗುದ್ದುವುದಕ್ಕೆ ಮುಷ್ಟಿ ಕಟ್ಟಿ ಹಿಂದೆ ನಿಂತರು. ಆಗ ಅತ್ತೆ ಎಲ್ಲರನ್ನೂ ಸರಿಸಿಕೊಂಡು ತೊಟ್ಟಿಲ ಹತ್ತಿರ ಬಂದರು.

"ತಡೀರಿ. ಇವತ್ತು ಗುದ್ದು ಆಕಿಗಲ್ಲ, ನನಗ" ಅಂದರು.

ಯಾರಿಗೂ ಅರ್ಥವಾಗಲಿಲ್ಲ. "ಯಾಕಬೇ ಕನಕಮ್ಮ, ನೀ ಅಜ್ಜಿ" ಎಂದು ಲಾಲ್‌ಬೀ ನಕ್ಕಳು.

"ಹಿಂದ ಟೊಂಗಿಗೆ ತಪ್ಪು ಕಡಿ ಸೆಗಣಿ ಮೆತ್ತಿದಾಕಿ ನಾನು. ನನ್ನ ಮಗಳಲ್ಲ. ಆಕಿನ್ನ ಇದೇ ಪಡಸಾಲ್ಯಾಗ ನಿಮ್ಮ ಮುಂದ ಬಾಯಿಗೆ ಬಂದಂಗ ಅಂದೆ. ನೀವೆಲ್ಲ ಕೇಳೀರಿ. ಈಗ ಇದನ್ನೂ ಕೇಳ್ರಿ."

ಇಷ್ಟು ಹೇಳಿ ಅತ್ತೆ ತೊಟ್ಟಿಲ ಕಟ್ಟಿಗೆ ಹಿಡಿದು ಬೆನ್ನು ಬಗ್ಗಿಸಿ ನಿಂತರು. ಗುಬ್ಬಿಯ ಬೆನ್ನಿನಷ್ಟು ಬೆನ್ನು, ರವಿಕೆಯ ಒಳಗಿನ ಮೂಳೆ ಕಾಣುತ್ತಿತ್ತು. ಪಡಸಾಲೆಯಲ್ಲಿ ಒಬ್ಬರೂ ಕೈ ಎತ್ತಲಿಲ್ಲ. ಅತ್ತೆ ಬಗ್ಗಿದಲ್ಲಿಂದಲೇ, "ಹಾಕ್ಬೇ ಮೌನೀ, ಸೊಂಟ ನೋಯಾಕತ್ತದ" ಅಂದರು.

ಮೌನಕ್ಕ ಗುದ್ದಿದಳು. ಸುಮ್ಮನೆ ಶಾಸ್ತ್ರಕ್ಕೆ ಮುಟ್ಟಿದ್ದಲ್ಲ, ಧಪ್ ಅನ್ನುವ ಹಾಗೆ ಗುದ್ದಿದಳು. ಆರು ವರ್ಷದ ಸಿಟ್ಟು ಒಂದೇ ಗುದ್ದಿನಲ್ಲಿ ಇಳಿಯಿತು. ಅತ್ತೆ "ಅಯ್ಯಯ್ಯೋ, ಕೊಂದ್ಲಲ್ರೀ ಮಗಳು!" ಎಂದರು, ಮೌನಕ್ಕ ಹಿಂದಿನಿಂದ ತಬ್ಬಿಕೊಂಡು ಆ ಬೆನ್ನಿಗೇ ಮುಖ ಒತ್ತಿದಳು, ಇಬ್ಬರದೂ ಅಳು ಯಾವುದು ನಗು ಯಾವುದು ಎಂದು ನಮಗೆ ತಿಳಿಯಲಿಲ್ಲ. ಕಸ್ತೂರೆಮ್ಮ ಟೀಚರ್ ಕನ್ನಡಕ ತೆಗೆದು ಒರೆಸಿಕೊಂಡರು. ನಾನೂ ಹೋಗಿ ಅತ್ತೆಗೆ ಒಂದು ಗುದ್ದು ಕೊಟ್ಟೆ. ಅದು ಎಷ್ಟು ಜೋರಾಗಿತ್ತು ಎಂದು ಮಾತ್ರ ಹೇಳುವುದಿಲ್ಲ.

ಆಮೇಲೆ ಮೌನಕ್ಕ ತೊಟ್ಟಿಲಿಗೆ ಬಗ್ಗಿದಳು. ಕೂಸಿನ ಕಿವಿಯಲ್ಲಿ "ಕುರ್ರ್" ಅಂದು ಏನೋ ಉಸುರಿದಳು. ಕೂಸು ಕಣ್ಣು ಅಗಲ ಮಾಡಿತು.

"ಏನಿಟ್ಟಿ ಯಕ್ಕ?" ಎಂದು ವಿರೇಶ ಕುತ್ತಿಗೆ ಚಾಚಿದ. ಓದಿದ ಮೇಡಂ, ದೊಡ್ಡ ಹೆಸರೇ ಬರುತ್ತದೆ, ಅದರ ಅರ್ಥವನ್ನೂ ಕಾಲು ಗಂಟೆ ಕೇಳಬೇಕಾಗುತ್ತದೆ ಎಂದು ಎಲ್ಲರೂ ತಯಾರಾಗಿದ್ದೆವು.

"ಮುದುಕವ್ವ" ಅಂದಳು ಮೌನಕ್ಕ.

ಒಂದಿಬ್ಬರು ಫಕ್ಕನೆ ನಕ್ಕರು. ವಿರೇಶನ ಬಾಯಿ ತೆರೆದೇ ಉಳಿಯಿತು. "ಏನ್ ಯಕ್ಕ ಇದು? ನಾಳೆ ಶಾಲ್ಯಾಗ ಹುಡುಗ್ರು ಸುಮ್ನ ಬಿಡ್ತಾರೇನು?"

"ಶಾಲಿ ಹೆಸರು ಶಾಲಿಗೆ ಹೋಗೂ ಮುಂದ ನೋಡೋಣು. ಜ್ಯೋತಿ ಮೊಬೈಲ್‌ನ್ಯಾಗ ಐವತ್ತು ಅದಾವಂತ. ಇದು ಮನಿ ಹೆಸರು."

ಅರ್ಥ ಹೇಳಲಿಲ್ಲ. ಜೀವಮಾನದಲ್ಲಿ ಮೊದಲ ಸಲ ಮೌನಕ್ಕ ಒಂದು ಹೆಸರಿನ ಅರ್ಥ ಹೇಳದೆ ಬಿಟ್ಟಳು. ನನಗೆ ಹೇಳುವುದು ಬೇಕಾಗಿಯೂ ಇರಲಿಲ್ಲ. ಕ್ಯಾಂಪಿನ ಆ ಬಾಸಂತಿ ಅಜ್ಜಿ ನನ್ನ ಮಗಳನ್ನು ಮೇಲಕ್ಕೆ ಎತ್ತಿ ಬುಡಿ ಬುಡಿ ಅಂದಿದ್ದು ನೆನಪಾಯಿತು. ಆಕೆಗೆ ಕಣ್ಣಿಲ್ಲವೇ ಎಂದು ಬೈದಿದ್ದೆನಲ್ಲ, ಕಣ್ಣಿಲ್ಲದವಳು ನಾನು. ಸವೆಯಬೇಡ, ಬಾಡಬೇಡ ಎಂದು ದೊಡ್ಡ ದೊಡ್ಡದು ಬೇಡಿ ಆಗಿತ್ತು. ಈ ಸಲ ಮೌನಕ್ಕ ಬೇಡಿದ್ದು ಇಷ್ಟೇ: ಕೂದಲು ಹಣ್ಣಾಗಲಿ, ಹಲ್ಲು ಬೀಳಲಿ, ಕೋಲು ಹಿಡಿಯಲಿ, ಮೊಮ್ಮಕ್ಕಳ ಜೊತೆ ಜಗಳವಾಡಲಿ. ನನ್ನ ಐವತ್ತೆರಡು ಹೆಸರಿನಲ್ಲಿ ಒಂದಕ್ಕೂ ಈ ಅರ್ಥ ಇರಲಿಲ್ಲ. ಅಲ್ಲೇ ತೊಟ್ಟಿಲ ಹಗ್ಗ ಹಿಡಿದುಕೊಂಡು, ಜನರಿದ್ದಾರೆ ಎಂಬ ಖಬರಿಲ್ಲದೆ ನಾನು ಅತ್ತುಬಿಟ್ಟೆ.

ಅತ್ತೆಗೂ ತಿಳಿಯಿತು ಎಂದು ಕಾಣುತ್ತದೆ. ತೊಟ್ಟಿಲಿನಿಂದ ಕೂಸನ್ನು ಎತ್ತಿ, ತಮ್ಮ ಬೊಚ್ಚು ಬಾಯಿಯನ್ನು ಅದರ ಬೊಚ್ಚು ಬಾಯಿಯ ಹತ್ತಿರ ತಂದು, "ಬಾರಬೇ ಮುದುಕವ್ವ. ನನಗ ಜೋಡಿ ಸಿಕ್ಕಂಗಾತು" ಅಂದರು.

ಎಲ್ಲರೂ ಹಳ್ಳದ ದಂಡೆಗೆ ಹೋದೆವು. ವಿರೇಶ ಮೌನಕ್ಕನ ಆಲ ಹತ್ತಿ ಟೊಂಗೆ ಕಡಿದ. ಹಾಲು ಅವನ ಅಂಗಿಯ ಮೇಲೆಲ್ಲ ಸುರಿಯಿತು. ಸೆಗಣಿ ಮೆತ್ತುವುದಕ್ಕೆ ಮೌನಕ್ಕ ಅವ್ವನ ಕೈಗೇ ಕೊಟ್ಟಳು. ಅತ್ತೆ ಮೆತ್ತುವ ಮೊದಲು, "ಇದು ತಲಿ ಹೌದಲ್ಲ?" ಎಂದು ಮಗನನ್ನು ಕೇಳಿದರು. ಆಮೇಲೆ ಆದೆಪ್ಪ ಮಾವನನ್ನು ಕೇಳಿದರು. ಆಮೇಲೆ ಮತ್ತೆ ಮಗನನ್ನು ಕೇಳಿದರು. "ಹೌದವ್ವ, ಹೌದು, ಆಣಿ ಮಾಡ್ಲೇನು?" ಎಂದು ವಿರೇಶ ರೇಗಿದ ಮೇಲೆ ಮೆತ್ತಿದರು. ಮೌನಕ್ಕ ನೆಟ್ಟಳು. ಎಲ್ಲರೂ ಒಂದೊಂದು ಚೊಂಬು ನೀರು ಹಾಕಿದೆವು.

ಅಕ್ಸವ್ವನ ಆಲ ಅಲ್ಲಿಂದ ಹತ್ತು ಹೆಜ್ಜೆ ದೂರ. ಅವತ್ತಿನ ಟೊಂಗೆ ನಡುವೆ ಒಣಗಿ ಬೆಳ್ಳಗಾಗಿ ನಿಂತಿದೆ. ಅದರ ಬುಡದಿಂದ ಹೊರಟ ಕುಡಿ ದಾರಿ ತಪ್ಪಿ ಮೊದಲು ನೆಲದ ಕಡೆ ಬಾಗಿ, ಆಮೇಲೆ ತಿರುಗಿ ಮೇಲಕ್ಕೆ ಹೋಗಿದೆ. ಹಾಗಾಗಿ ಅದಕ್ಕೆ ಸೊಂಟದ ಹತ್ತಿರ ಒಂದು ಡೊಂಕು. ಮೌನಕ್ಕ ಹೋಗಿ ಆ ಡೊಂಕಿನ ಮೇಲೆ ಕೈಯಿಟ್ಟಳು. ನಾನೂ ಹೋಗಿ ಪಕ್ಕದಲ್ಲಿ ನಿಂತೆ.

ಮೋಡ ಸರಿದು ಬಿಸಿಲು ಚುರುಗುಟ್ಟಿತು. ಲಾಲ್‌ಬೀಯ ತೋಳಿನಲ್ಲಿದ್ದ ಕೂಸು ಮುಖ ಕಿವುಚಿ ಅಳುವುದಕ್ಕೆ ಶುರು ಮಾಡಿತು. ಸೆಗಣಿ ಕೈ ತೊಳೆದುಕೊಳ್ಳುತ್ತಿದ್ದ ಅತ್ತೆ ಅಲ್ಲಿಂದಲೇ ಕೂಗಿದರು. ಆರು ವರ್ಷದಿಂದ ನಮ್ಮ ಮನೆಯಲ್ಲಿ ಯಾರೂ ಎತ್ತದಿದ್ದ ಹೆಸರನ್ನು ಹಳ್ಳದ ಆಚೆ ದಂಡೆಗೂ ಕೇಳುವ ಹಾಗೆ ಕೂಗಿದರು.

"ಬಿಸಲಾಗ ಯಾಕ ನಿಂತೀರಿಬೇ? ಅಕ್ಸವ್ವನ ನೆಳ್ಳಾಗ ಮುದುಕವ್ವನ್ನ ಮಲಗಿಸ್ರಿ!"

ನಾನು ಸೆರಗು ಬಿಚ್ಚಿ ಹಾಸಿ ನನ್ನ ಮಗಳನ್ನು ಅವಳ ಅಕ್ಕನ ನೆರಳಿನಲ್ಲಿ ಮಲಗಿಸಿದೆ.